ಮೂರನೆಯ ಕಲ್ಲು

ನಿವೃತ್ತನಾದ ಗಂಡಸು ಮನೆಯಲ್ಲಿ ಎಲ್ಲಿ ಕೂತರೂ, ಆ ಕ್ಷಣದಲ್ಲಿ ಗುಡಿಸಲೇಬೇಕಾದ ಜಾಗ ಅದೊಂದೇ ಆಗಿರುತ್ತದೆ. ಕ್ಯೋಟೊ ನಗರದ ಬಸ್ಸನ್ನು ತಲೆಗೂದಲು ಉದುರುವವರೆಗೆ ಓಡಿಸಿ, ಬೀಳ್ಕೊಡುಗೆಯ ಹೂಗುಚ್ಛ ಹಿಡಿದು ಮನೆಗೆ ಬಂದ ಮಾರನೆಯ ದಿನವೇ ನನಗೆ ಈ ಸತ್ಯದ ಸಾಕ್ಷಾತ್ಕಾರವಾಯಿತು. ಕೋಣೆಯಲ್ಲಿ ಕೂತರೆ ನನ್ನ ಹೆಂಡತಿ ಫುಸಾಯೆ ಬಂದು, "ರೀ, ಸ್ವಲ್ಪ ಏಳಿ, ಚಾಪೆ ಒರೆಸ್ಬೇಕು" ಎನ್ನುವಳು. ಜಗಲಿಗೆ ಹೋದರೆ, "ಕಾಲೆತ್ತಿ." ಅಡುಗೆಮನೆಗೆ ಹೋದರೆ, "ಅಡ್ಡ ನಿಲ್ಬೇಡಿ." ಕೊನೆಗೆ ಪಾಯಿಖಾನೆಯಲ್ಲಿ ಚಿಲಕ ಹಾಕಿಕೊಂಡು ಕೂತರೆ ಅಲ್ಲಿಗೂ ಬಂದು ಬಾಗಿಲು ತಟ್ಟಿ, "ಇನ್ನೂ ಎಷ್ಟೊತ್ತು? ತೊಳೀಬೇಕು!"

ನನ್ನಂಥ ಗಂಡಂದಿರಿಗೆ ನಮ್ಮಲ್ಲಿ ‘ಒದ್ದೆ ತರಗೆಲೆ’ ಎಂಬ ಬಿರುದಿದೆ. ಪೊರಕೆಗೆ ಅಂಟಿಕೊಂಡರೆ ಕೊಡವಿದರೂ ಬಿಡುವುದಿಲ್ಲವಂತೆ. (ಈ ಬಿರುದನ್ನು ಕಟ್ಟಿದ್ದು ಹೆಂಗಸೇ ಇರಬೇಕು. ಗಂಡಸರಿಗೆ ಪೊರಕೆಯ ಬಗ್ಗೆ ಇಷ್ಟು ಆಳವಾದ ಜ್ಞಾನ ಇರುವುದಿಲ್ಲ.)

ಹೀಗೆ ಒಂದು ಬೆಳಿಗ್ಗೆ ಪೊರಕೆಯಿಂದ ತಪ್ಪಿಸಿಕೊಂಡು ಹೊರಟವನು, ನಮ್ಮ ಇವಾಕುರಾ ಬಡಾವಣೆಯ ಹತ್ತಿರವೇ ಇರುವ ಒಂದು ದೇವಾಲಯದ ಉದ್ಯಾನಕ್ಕೆ ಹೋಗಿ ಸೇರಿದೆ. ಆ ದೇವಾಲಯದ ಹೆಸರನ್ನು ಬಸ್ಸಿನಲ್ಲಿ ಅದೆಷ್ಟು ಸಲ ಕೂಗಿದ್ದೆನೋ ಲೆಕ್ಕವಿಲ್ಲ. ಲೋಕದ ಮಂದಿಯನ್ನೆಲ್ಲ ಉದ್ಯಾನಗಳ ಬಾಗಿಲಲ್ಲಿ ಇಳಿಸಿದವನು ನಾನು. ನಾನು ಮಾತ್ರ ಒಂದು ದಿನವೂ ಇಳಿದಿರಲಿಲ್ಲ. ಆವತ್ತು ಒಳಗೆ ಹೋಗಿ ಮರದ ಜಗಲಿಯ ಮೇಲೆ ಕೂತೆ. ಎದುರಿಗೆ ಬಿಳಿ ಜಲ್ಲಿಯ ಸಮುದ್ರ, ಅದರಲ್ಲಿ ಗೀರಿದ ಅಲೆಗಳು, ಪಾಚಿಯ ದಡ, ನಾಲ್ಕಾರು ಕಲ್ಲು. ಅಷ್ಟೆ. ಬೆಳಿಗ್ಗೆ ಕೂತವನು ಮಧ್ಯಾಹ್ನ ದಾಟುವವರೆಗೂ ಕೂತೇ ಇದ್ದೆ. ಅಕ್ಕಪಕ್ಕದ ಮಂದಿ ಕಣ್ಣು ಅರೆಮುಚ್ಚಿ ಧ್ಯಾನ ಮಾಡುತ್ತಿದ್ದರು. ನನ್ನ ಎದೆಯೂ ತುಂಬಿ ಬಂತು. ಯಾಕೆಂದರೆ ಅಷ್ಟು ಹೊತ್ತಿನಲ್ಲಿ ಒಬ್ಬರೂ ಬಂದು ‘ಕಾಲೆತ್ತಿ’ ಎನ್ನಲಿಲ್ಲ!

ಆ ಕ್ಷಣವೇ ನಿರ್ಧರಿಸಿದೆ: ನಮ್ಮ ಹಿತ್ತಲಲ್ಲೂ ಇಂಥದ್ದೊಂದು ಆಗಬೇಕು.

"ಹಿತ್ತಲಲ್ಲಿ ನನ್ನ ಮೂಲಂಗಿ ಇದೆ," ಎಂದಳು ಫುಸಾಯೆ.

"ಅದನ್ನ ತೆಗೆದುಬಿಟ್ರೆ ಅಲ್ಲಿ ಏನಿರುತ್ತೆ?"

"ಏನೂ ಇರಲ್ಲ."

"ಅದೇ! ಆ ‘ಏನೂ ಇರಲ್ಲ’ ಅನ್ನೋದೇ ಮುಖ್ಯ. ಅದಕ್ಕೆ ಬಯಲು ಅಂತಾರೆ. ಉದ್ಯಾನ ಕಲೆಯ ಪ್ರಾಣವೇ ಖಾಲಿ ಜಾಗ."

"ಖಾಲಿ ಜಾಗ ಬೇಕು ಅಂದ್ರೆ ಹಿತ್ತಲು ಯಾಕೆ ಅಗೀಬೇಕು? ಹೆಗಲ ಮೇಲೇ ಇದೆಯಲ್ಲ ನಿಮ್ಗೆ."

ಇಂಥ ಮಾತಿಗೆಲ್ಲ ಕಲಾವಿದ ಅಂಜಬಾರದು. ಎರಡು ವಾರದ ಉಗ್ರ ಸಂಧಾನದ ನಂತರ ಅಡುಗೆಮನೆ ಕಡೆಯ ಪಟ್ಟಿಯಲ್ಲಿ ಅವಳ ಮೂಲಂಗಿ, ಸೇವಂತಿಗೆ, ಬಟ್ಟೆ ಒಣಹಾಕುವ ಬಿದಿರಿನ ಕೋಲು, ನಡುಮನೆಯ ಜಗಲಿ ಎದುರಿನ ಜಾಗ ನನಗೆ ಎಂದು ಗಡಿ ಗುರುತಾಯಿತು. ಗಡಿಯಲ್ಲಿದ್ದ ಬದನೆಗಿಡ ಮಾತ್ರ ಕೊನೆಯವರೆಗೂ ವಿವಾದಿತ ಪ್ರದೇಶವಾಗಿಯೇ ಉಳಿಯಿತು. ಕಾಯಿ ಯಾರದೆಂಬುದು ತೀರ್ಮಾನವಾಗದೆ ಹಣ್ಣಾಗಿ ಬಿತ್ತು.

ಮೊದಲು ಗಿಡಗಳಿಗೆ ಶಿಸ್ತು ಕಲಿಸಿದೆ. ನಮ್ಮಲ್ಲಿದ್ದ ಅಜೇಲಿಯಾ ಪೊದೆಗಳು ಬೆಟ್ಟದ ಸಾಲಿನ ಹಾಗೆ ದುಂಡಗೆ ಕಾಣಬೇಕೆಂದು ಕತ್ತರಿ ಹಿಡಿದು ಸುತ್ತಲೂ ಸವರಿದೆ. ಮಠದ ಸನ್ಯಾಸಿಗಳ ಬೋಳಿಸಿದ ತಲೆಗಳ ಹಾಗೆ ಅಂದವಾಗಿ ಕೂತವು. ಒಂದೇ ಒಂದು ಸಣ್ಣ ತಪ್ಪು: ಹೂಬಿಡುವ ಹಿಂದಿನ ವಾರ ಸವರಿದ್ದೆ. ಅಂದರೆ ಆ ವರ್ಷದ ಮೊಗ್ಗುಗಳೆಲ್ಲ ಗೊಬ್ಬರದ ಗುಂಡಿಯಲ್ಲಿ ಅರಳಿದವು. ಫುಸಾಯೆ ಗುಂಡಿಯ ಮುಂದೆ ನಿಂತು ಕೈಮುಗಿದಳು. ನನಗಾಗಿ ಪ್ರಾರ್ಥಿಸಿದಳೋ ಹೂವಿಗಾಗಿಯೋ ಕೇಳುವ ಧೈರ್ಯವಾಗಲಿಲ್ಲ.

ಆಮೇಲೆ ಪಾಚಿ. ಅಂಗಡಿಯಿಂದ ಚೌಕ ಚೌಕವಾಗಿ ಕತ್ತರಿಸಿದ ಪಾಚಿಯ ಹಾಸುಗಳನ್ನು ಹೊತ್ತು ತಂದಾಗ ಅವಳು ಬಾಗಿಲಲ್ಲೇ ತಡೆದಳು.

"ಏನ್ರೀ ಅದು?"

"ಪಾಚಿ."

"ಮದುವೆಯಾಗಿ ಬಂದಾಗಿಂದ ಈ ಹಿತ್ತಲಲ್ಲಿ ಪಾಚಿ ಕೆರೆದು ಕೆರೆದು ನನ್ನ ಬೆನ್ನು ಬಿಲ್ಲಾಯ್ತು. ಈಗ ನೀವು ದುಡ್ಡು ಕೊಟ್ಟು ತಂದ್ರಾ?"

"ಅದು ಕಾಡು ಪಾಚಿ ಕಣೇ. ಇದು ಸುಸಂಸ್ಕೃತ ಪಾಚಿ."

"ಕಾಲು ಜಾರಿದಾಗ ಯಾವ ಪಾಚಿ ಅಂತ ಸೊಂಟಕ್ಕೆ ಗೊತ್ತಾಗುತ್ತಾ?" ಎಂದು ಒಳಗೆ ಹೋದಳು.

ಇನ್ನು ನಮ್ಮ ಕಲೆಯಲ್ಲಿ ‘ಕಡ ತಂದ ನೋಟ’ ಎಂಬ ಒಂದು ಮಹಾತತ್ತ್ವವಿದೆ. ದೂರದಲ್ಲಿರುವ ಬೆಟ್ಟವನ್ನು ಬೇಲಿಯ ಮೇಲಿಂದ ಕಾಣುವಂತೆ ಮಾಡಿ, ಅದೂ ನಮ್ಮದೇ ತೋಟದ ಭಾಗ ಎನ್ನಿಸುವುದು. ನಮ್ಮ ಜಗಲಿಯಿಂದ ನೇರವಾಗಿ ಹಿಯೆಯಿ ಬೆಟ್ಟ ಕಾಣುತ್ತದೆ. ಇದನ್ನು ಫುಸಾಯೆಗೆ ವಿವರಿಸಿದೆ.

"ಕೇಳಿ ತಂದ್ರಾ?" ಎಂದಳು.

"ಬೆಟ್ಟವನ್ನ ಯಾರನ್ನ ಕೇಳೋದು?"

"ಹೋದ ವರ್ಷ ಪಕ್ಕದ ನೊಗಾಮಿ ಅವರ ಏಣಿಯನ್ನೂ ಹೀಗೇ ತಂದ್ರಿ. ಇನ್ನೂ ವಾಪಸ್ ಹೋಗಿಲ್ಲ."

ತೊಂದರೆ ಏಣಿಯದಲ್ಲ, ನೊಗಾಮಿಯವರದೇ. ನನಗೂ ಬೆಟ್ಟಕ್ಕೂ ನಡುವೆ ಅವರ ಮಹಡಿಯ ಬಿಸಿಲುಮಾಳಿಗೆ ಇತ್ತು. ಅದರ ಮೇಲೆ ಅವರ ಉಣ್ಣೆಯ ಉದ್ದ ಚಡ್ಡಿಗಳು ವರ್ಷವಿಡೀ ಹಾರಾಡುತ್ತಿದ್ದವು. ನಾನು ಬೆಟ್ಟವೊಂದನ್ನೇ ಕಡ ಕೇಳಿದ್ದೆ. ಚಡ್ಡಿಗಳು ಬಡ್ಡಿಯಾಗಿ ಬಂದವು. ಬೇರೆ ಕಡೆ ಒಣಹಾಕಲು ಸಾಧ್ಯವೇ ಎಂದು ವಿನಯದಿಂದ ವಿಚಾರಿಸಿದೆ. ನೊಗಾಮಿಯವರು ಅಷ್ಟೇ ವಿನಯದಿಂದ, "ಬಿಸಿಲು ಇಲ್ಲೇ ಬೀಳುತ್ತಲ್ಲ ಕುರಾಮೊಚಿ ಅವ್ರೇ. ನೀವು ಬೆಟ್ಟವನ್ನ ಸ್ವಲ್ಪ ಆ ಕಡೆ ಸರಿಸೋಕಾಗುತ್ತಾ ನೋಡಿ," ಎಂದರು. ಕೊನೆಗೆ ಎತ್ತರದ ಬಿದಿರು ಬೇಲಿ ಕಟ್ಟಿ ಚಡ್ಡಿಗಳನ್ನು ಮರೆಮಾಡಿದೆ. ಕೂತರೆ ಬರೀ ಬೆಟ್ಟ. ನಿಂತರೆ ಮಾತ್ರ ಸಮಗ್ರ ದೃಶ್ಯ. (ಆದ್ದರಿಂದ ನಮ್ಮ ಮನೆಗೆ ಬಂದವರನ್ನು ನಾನು ನಿಲ್ಲಲು ಬಿಡುತ್ತಿರಲಿಲ್ಲ.)

ಕೊನೆಯದು ಕಲ್ಲು. ಜಲ್ಲಿಯ ಸಮುದ್ರದ ನಡುವೆ ಪಾಚಿಯ ದ್ವೀಪ, ದ್ವೀಪದ ಮೇಲೆ ಮೂರು ಕಲ್ಲು. ಮೂರೇ ಇರಬೇಕು. ಜೋಡಿ ಸಂಖ್ಯೆ ಇಟ್ಟರೆ ತೋಟ ಸತ್ತಂತೆ ಕಾಣುತ್ತದೆ. ಬೆಸ ಇದ್ದರೇ ಬೆಸುಗೆ ಎಂದು ನಾನು ಫುಸಾಯೆಗೆ ಹೇಳಿದೆ. "ಮನೇಲಿ ನಾವು ಇಬ್ರೇ ಇರೋ ದಿನ ಯಾಕೆ ಹೆಣ ಬಿದ್ದ ಹಾಗಿರುತ್ತೆ ಅಂತ ಈಗ ಗೊತ್ತಾಯ್ತು," ಎಂದಳು. ಒಂದು ಎತ್ತರದ ನಿಂತ ಕಲ್ಲು, ಒಂದು ಮಲಗಿದ ಕಲ್ಲು ಲಾರಿಯಲ್ಲಿ ಬಂದವು. ಮೂರನೆಯದನ್ನು ಎತ್ತುವಾಗ ಲಾರಿಯವನ ಸೊಂಟ ಉಳುಕಿ, ಅವನು ಕಲ್ಲನ್ನೂ ಸೊಂಟವನ್ನೂ ಹೊತ್ತುಕೊಂಡು ವಾಪಸ್ಸು ಹೋದ. ಆಗ ನನ್ನ ಕಣ್ಣಿಗೆ ಬಿದ್ದದ್ದು ಫುಸಾಯೆಯ ಉಪ್ಪಿನಕಾಯಿ ಕಲ್ಲು. ಮೂಲಂಗಿ ತುಂಬಿದ ಮರದ ಪೀಪಾಯಿಯ ಮುಚ್ಚಳದ ಮೇಲೆ ಭಾರಕ್ಕೆ ಇಡುವ, ಅವಳ ಅಜ್ಜಿಯ ಕಾಲದ ಬೂದು ಗುಂಡುಕಲ್ಲು. ಎಂಥ ಮೈಕಟ್ಟು! ಅದನ್ನು ಮೆಲ್ಲನೆ ತಂದು ದ್ವೀಪದ ಮೇಲಿಟ್ಟು, ಪೀಪಾಯಿಯ ಮೇಲೆ ಒಂದು ಬಕೆಟ್ ನೀರು ಇಟ್ಟೆ. ಭಾರಕ್ಕೆ ಜಾತಿ ಭೇದವಿಲ್ಲ ಎಂಬುದು ನನ್ನ ವಾದವಾಗಿತ್ತು.

ಉದ್ಯಾನ ಮುಗಿಯಿತು. ಮೊದಲು ಬಂದ ರಸಿಕ ನೊಗಾಮಿಯವರ ಕರಿ ಬೆಕ್ಕು. ನಯವಾದ ಜಲ್ಲಿ, ಏಕಾಂತ, ಬೆಟ್ಟದ ನೋಟ — ಪಾಪ, ಅದಕ್ಕೂ ಮನೆಯಲ್ಲಿ ಯಾರೋ ಬಾಗಿಲು ತಟ್ಟುತ್ತಿದ್ದಿರಬೇಕು. ಅಂದಿನಿಂದ ಅದು ದಿನವೂ ತಪ್ಪದೆ ನನ್ನ ಮಹಾಸಾಗರಕ್ಕೆ ಬಂದು, ಕೆರೆದು, ಕೂತು, ಮುಚ್ಚಿ ಹೋಗತೊಡಗಿತು. ನಾನು ದಿನವೂ ಮರದ ಹಲ್ಲಿನ ಹಲುಬೆ ಹಿಡಿದು ಹಲುಬುತ್ತ ಅಲೆಗಳನ್ನು ಮತ್ತೆ ಗೀರತೊಡಗಿದೆ.

ಇಷ್ಟಾಗಿದ್ದರೆ ಇದು ನನ್ನ, ನನ್ನ ಹೆಂಡತಿಯ, ಒಂದು ಬೆಕ್ಕಿನ ಖಾಸಗಿ ವಿಷಯವಾಗಿಯೇ ಉಳಿಯುತ್ತಿತ್ತು. ಆದರೆ ಶರತ್ಕಾಲದ ಒಂದು ಸಂಜೆ, ಬೇಕರಿಯಲ್ಲಿ ಕೆಲಸ ಮಾಡುವ ನಮ್ಮ ಒಬ್ಬಳೇ ಮಗಳು ಚಿಗುಸಾ ಮನೆಗೆ ಬಂದು, ಬನ್ನು ಕೊಳ್ಳಲು ಬರುತ್ತಿದ್ದ ಕೊಹೆಯಿ ಎಂಬ ಹುಡುಗನನ್ನು ಮದುವೆಯಾಗುವುದಾಗಿ ಹೇಳಿದಳು. ಹುಡುಗ ಒಳ್ಳೆಯವನು. ಅವನ ತಾಯಿ ಯಾಸುಯೊ ಇನ್ನೂ ಒಳ್ಳೆಯವರು. ತೊಡಕೆಲ್ಲ ಅವನ ತಾತನದು.

"ಮಿಬು ತಾತ ಹೂಂ ಅಂದ್ರೇನೇ ಆ ಮನೇಲಿ ಎಲೆ ಅಲ್ಲಾಡೋದು ಅಪ್ಪಾ. ಅವರಿಗೆ ಎದುರು ಮಾತಾಡಿದವರೇ ಇಲ್ಲ. ಅವರದು ಇನ್ನೂರು ವರ್ಷದ ಉದ್ಯಾನ. ಹೋದ ವರ್ಷ ಕೊಹೆಯಿ ತಂಗಿಗೆ ಬಂದ ಸಂಬಂಧ ಏನಾಯ್ತು ಗೊತ್ತಾ? ಹುಡುಗನ ಮನೆ ಅಂಗಳದಲ್ಲಿ ಪ್ಲಾಸ್ಟಿಕ್ ಹುಲ್ಲು ಹಾಸಿದ್ರಂತೆ. ತಾತ ಕಾಲಿಟ್ಟರು, ಕಾಲು ತೆಗೆದರು, ಮನೆಗೆ ಹೋದರು. ಅಷ್ಟೇ."

"ನಮ್ಮನೇಲಿ ಅಂಥದ್ದೇನಿಲ್ವಲ್ಲ," ಎಂದೆ ಎದೆಯುಬ್ಬಿಸಿ.

"ಅದೇ ನಾನೂ ಹೇಳಿದೆ. ನಮ್ಮಪ್ಪ ಉದ್ಯಾನ ಮಾಡಿದ್ದಾರೆ ಅಂತ. ಅದನ್ನ ನೋಡೋಕೇ ತಾತ ಬರ್ತಾ ಇದ್ದಾರೆ." ಅವಳ ಕಣ್ಣು ತುಂಬಿತ್ತು. "ಅಪ್ಪಾ, ನನಗೆ ಕೊಹೆಯಿ ಬಿಟ್ರೆ ಬೇರೆ ಯಾರೂ ಬೇಡ. ನೋಡ್ಕೊಂಡು ಮಾಡು."

ಮಗಳ ಬಾಳು ನನ್ನ ಹಲುಬೆಯ ಹಲ್ಲಿನಲ್ಲಿ ಸಿಕ್ಕಿಕೊಂಡಿತು. ಅಲ್ಲಿಂದ ನನಗೆ ನಿದ್ದೆಯಿಲ್ಲ. ಮೇಪಲ್ ಮರದ ಒಂದೊಂದು ಕೆಂಪೆಲೆಯೂ ಎಲ್ಲಿ ಬೀಳಬೇಕೆಂದು ನಾನೇ ಕೈಯಾರೆ ಬೀಳಿಸಿದೆ. ಫುಸಾಯೆ ಕೂಡ ಆ ವಾರ ನನ್ನನ್ನು ಎಲ್ಲಿಂದಲೂ ಎಬ್ಬಿಸಲಿಲ್ಲ.

ಆ ದಿನ ಬಂತು. ನವೆಂಬರ್ ತಿಂಗಳ ತಣ್ಣನೆಯ ಬೆಳಿಗ್ಗೆ. ನಾನು ಬೂದು ಬಣ್ಣದ ಕೆಲಸದ ಅಂಗಿ ಪೈಜಾಮ ತೊಟ್ಟು ಬೆಕ್ಕನ್ನು ಓಡಿಸಿ, ಕೊನೆಯ ಸಲ ಅಲೆ ಗೀರಲು ನಿಂತೆ. ಒಳ್ಳೆಯ ಬಟ್ಟೆ ಆಮೇಲೆ ಹಾಕಿಕೊಂಡರಾಯಿತು. ಇನ್ನೂ ಬೇಕಾದಷ್ಟು ಹೊತ್ತಿತ್ತು. ನಡುವಿನಿಂದ ಶುರುಮಾಡಿ ಹಿಂದೆ ಹಿಂದೆ ಸರಿಯುತ್ತ ಜಗಲಿಗೆ ಬಂದು ಮುಗಿಸುವುದು ಗೀರುವ ಕ್ರಮ. ಆದರೆ ಅಂದು ಬೆಕ್ಕು ಅಗೆದದ್ದು ಜಗಲಿಯ ಬುಡದಲ್ಲಿ. ಆ ಗಡಿಬಿಡಿಯಲ್ಲಿ ಅಲ್ಲಿಂದಲೇ ಶುರುಮಾಡಿದೆ. ಕೈಗೆ ಆವೇಶ ಬಂದಿತ್ತು. ನೇರ ಗೆರೆ, ಬಳ್ಳಿ ಗೆರೆ, ದ್ವೀಪದ ಸುತ್ತ ಬಳೆ ಬಳೆಯಾಗಿ ಅಲೆ. ಅಂಥ ಅಲೆಗಳನ್ನು ನಾನು ಹಿಂದೆಂದೂ ಗೀರಿರಲಿಲ್ಲ. ಕೊನೆಯ ಬಳೆ ಮುಗಿಸಿ, ಬೆನ್ನು ನೆಟ್ಟಗೆ ಮಾಡಿ ನೋಡುತ್ತೇನೆ — ನಾನು ದ್ವೀಪದ ಮೇಲಿದ್ದೇನೆ. ಸುತ್ತ ನಾಲ್ಕೂ ಕಡೆ ಕಲೆಯಿಲ್ಲದ ಮಹಾಸಾಗರ.

ಅದು ಮೊದಲ ಆಘಾತ. ಎರಡನೆಯದು ಕಾಲಬುಡದಲ್ಲಿತ್ತು. ಅಥವಾ ಇರಲಿಲ್ಲ. ಉಪ್ಪಿನಕಾಯಿ ಕಲ್ಲು ಮಾಯವಾಗಿತ್ತು! ದ್ವೀಪದ ಮೇಲೆ ಎರಡೇ ಕಲ್ಲು. ಜೋಡಿ ಸಂಖ್ಯೆ!

"ಫುಸಾಯೆ!" ಎಂದು ಪಿಸುಗುಟ್ಟಿ ಕಿರುಚಿದೆ. "ನನ್ನ ಮೂರನೇ ಕಲ್ಲೆಲ್ಲೇ?"

ಅವಳು ಜಗಲಿಗೆ ಬಂದಳು. "ಬೆಳಿಗ್ಗೆ ನಾನೇ ತಗೊಂಡೆ. ಬಕೆಟ್ ಮಗುಚಿ, ಮೂಲಂಗಿ ಎಲ್ಲಾ ತೇಲಾಡ್ತಾ ಇತ್ತು. ಅದು ನಮ್ಮಜ್ಜಿ ಕಲ್ಲು. ನೀವೇನು ಅಲ್ಲಿ ನಿಂತಿದೀರಾ? ಬಟ್ಟೆ ಬದಲಾಯಿಸಿ ಬನ್ನಿ!"

"ಹೇಗೆ ಬರ್ಲಿ? ಗೆರೆ!"

"ಹಾರಿ."

ಹಾರುವುದೇನೋ ಸರಿ. ಬಸ್ಸಿನ ಸೀಟಿನಲ್ಲಿ ಜೀವಮಾನವಿಡೀ ಬೆಳೆಸಿದ ಹೊಟ್ಟೆ ಜೊತೆಯಲ್ಲಿ ಬರಬೇಕಲ್ಲ. ನಾನು ಅಳೆಯುತ್ತ, ತೂಗುತ್ತ, ಮಂಡಿ ಬಗ್ಗಿಸಿ ನೋಡುತ್ತ ಇರುವಾಗಲೇ ಮುಂಬಾಗಿಲ ಗಂಟೆ ಬಡಿಯಿತು. ಮಿಬು ತಾತನಿಗೆ ಎಲ್ಲಿಗಾದರೂ ಹೊತ್ತಿಗೆ ಮುಂಚೆ ಹೋಗುವ ಚಾಳಿಯಂತೆ. (ಬಸ್ ಚಾಲಕನಾಗಿ ಹೇಳುತ್ತೇನೆ, ತಡವಾಗಿ ಬರುವವರಿಗಿಂತ ಮುಂಚೆ ಬರುವವರೇ ಅಪಾಯಕಾರಿ.)

ಫುಸಾಯೆಯ ಮುಖ ಸುಣ್ಣವಾಯಿತು. "ಅಡಗ್ಕೊಳ್ಳಿ!" ಎಂದು ಒಳಗೆ ಓಡಿದಳು.

ಹಲುಬೆಯನ್ನು ಬೇಲಿಯಾಚೆ ಎಸೆದೆ. (ನೊಗಾಮಿಯವರ ಕಡೆಯಿಂದ "ಅಯ್ಯೋ" ಎಂಬ ಶಬ್ದ ಕೇಳಿಸಿತು.) ಎತ್ತರದ ಕಲ್ಲಿನ ಹಿಂದೆ ಕುಕ್ಕರಿಸಿ, ಮಂಡಿಯ ನಡುವೆ ತಲೆ ಹುದುಗಿಸಿದೆ. ಚಹಾ ಕುಡಿದು ಒಳಗಿನ ಕೋಣೆಗೆ ಹೋಗುತ್ತಾರೆ, ಆಗ ಜಾರಿಕೊಂಡರಾಯಿತು ಎಂಬುದು ನನ್ನ ಯೋಜನೆ. ಯೋಜನೆಯಲ್ಲಿದ್ದ ದೋಷವೆಂದರೆ, ಕಲ್ಲು ಎತ್ತರವಾಗಿತ್ತು, ನಾನು ಅಗಲವಾಗಿದ್ದೆ.

ಅವರು ನಡುಮನೆಗೆ ಬಂದರು. ತೋಳಿನ ಸಂದಿಯಿಂದ ಎಲ್ಲ ಕಾಣುತ್ತಿತ್ತು. ಊರುಗೋಲು ಹಿಡಿದ ಸಣಕಲು ತಾತ, ಹಿಂದೆ ಸೊಸೆ ಯಾಸುಯೊ, ಅವರ ಹಿಂದೆ ಕೊಹೆಯಿ, ಚಿಗುಸಾ. ತಾತ ನಮ್ಮ ಮನೆಯ ಕಂಬದ ಮುಂದೆ ನಿಂತು ಸೊಂಟ ಬಗ್ಗಿಸಿ, "ನೀವೇ ಹುಡುಗಿ ತಾಯಿ ಇರ್ಬೇಕು," ಎಂದು ಆಳವಾಗಿ ವಂದಿಸಿದರು. ಪಕ್ಕದಲ್ಲಿದ್ದ ಫುಸಾಯೆ ಥಟ್ಟನೆ ಕಂಬದ ಮುಂದೆ ಬಂದು ನಿಂತು ಪ್ರತಿವಂದನೆ ಮಾಡಿದಳು. ಸೊಸೆ ಮೊಮ್ಮಗ ಇಬ್ಬರೂ ಚಾವಣಿ ನೋಡುತ್ತಿದ್ದರು.

ಆಗ ನನಗೆ ಅರ್ಥವಾಯಿತು. ತಾತನ ಎರಡೂ ಕಣ್ಣಿಗೆ ಪೊರೆ ಬಂದಿದೆ. ತನಗೆ ಕಾಣುವುದಿಲ್ಲವೆಂದು ತಾತ ಒಪ್ಪಿಲ್ಲ. ಒಪ್ಪಿಸುವ ಎದೆ ಆ ಮನೆಯಲ್ಲಿ ಯಾರಿಗೂ ಇಲ್ಲ.

"ಮನೆ ಯಜಮಾನರು?" ಎಂದರು ತಾತ.

"ಹೊರಗಿದ್ದಾರೆ," ಎಂದಳು ಫುಸಾಯೆ. (ನನ್ನ ಹೆಂಡತಿ ಸುಳ್ಳು ಹೇಳುವವಳಲ್ಲ.)

ಎಲ್ಲರೂ ಜಗಲಿಯಲ್ಲಿ ಕೂತರು. ಚಿಗುಸಾಳ ಕಣ್ಣು ನನ್ನ ಮೇಲೆ ಬಿತ್ತು. ಅವಳು ಬಟ್ಟಲು ಬಿಟ್ಟು ತಟ್ಟೆಗೇ ಚಹಾ ಸುರಿದಳು. ಕೊಹೆಯಿಯ ಬಾಯಿ ತೆರೆದುಕೊಂಡದ್ದು ಮುಚ್ಚಲೇ ಇಲ್ಲ. ತಾತ ಕಣ್ಣು ಕಿರಿದು ಮಾಡಿ, ಕತ್ತು ಮುಂದೆ ಚಾಚಿ, ನನ್ನ ಸಾಗರವನ್ನು ಎಡದಿಂದ ಬಲಕ್ಕೆ ನೋಡಿದರು. ಬಲದಿಂದ ಎಡಕ್ಕೆ ನೋಡಿದರು. ನೋಟ ನಡುವೆ ನಿಂತಿತು.

"ಮೂರು ಕಲ್ಲು," ಎಂದರು.

ಊರುಗೋಲನ್ನು ದ್ವೀಪದ ಕಡೆ ಚಾಚಿದರು.

"ನಿಂತಿರೋದು ಒಂದು, ಮಲಗಿರೋದು ಒಂದು. ಅವೆರಡೂ ಸುಮಾರು. ಎಲ್ಲ ಮನೇಲೂ ಇರುತ್ವೆ. ಆದ್ರೆ ಆ ಮೂರನೇದು!" ತಾತ ಕೂತಲ್ಲೇ ಮುಂದಕ್ಕೆ ಬಾಗಿದರು. "ಆ ಕುಕ್ಕರಿಸಿದ ಕಲ್ಲು. ಎಂಥ ಗಾಂಭೀರ್ಯ! ನೋಡ್ದೇನಮ್ಮಾ ಯಾಸುಯೊ?"

ಯಾಸುಯೊ ನನ್ನನ್ನು ನೋಡಿದರು. ನಾನು ತೋಳಿನ ಸಂದಿಯಿಂದ ಅವರನ್ನು ನೋಡಿದೆ. ನಮ್ಮಿಬ್ಬರ ಕಣ್ಣು ಸಂಧಿಸಿದವು. ಬೀಗರ ನಡುವೆ ಇದಕ್ಕಿಂತ ಆಳವಾದ ಪರಿಚಯ ಲೋಕದಲ್ಲಿ ಆಗಿರಲಾರದು. ಆ ಮಹಾತಾಯಿ ಕಣ್ಣು ಮಿಟುಕಿಸದೆ, "ನೋಡಿದೆ ಮಾವ. ತುಂಬಾ... ತುಂಬಾ ಹಳೇ ಕಲ್ಲು," ಎಂದರು.

"ಹಳೇದೇ! ಮೇಲ್ಗಡೆ ಬೋಳು, ಕಿವಿ ಹತ್ರ ಮಾತ್ರ ಒಂದು ಹಿಡಿ ಪಾಚಿ. ಹೊಟ್ಟೆ ಮುಂದಕ್ಕೆ ಬಂದಿದ್ರೂ ಭಾರವೆಲ್ಲ ಹಿಂದಕ್ಕೆ ಕೂತಿದೆ. ಇಂಥದ್ದನ್ನ ಹುಡುಕಿ ತರೋಕಾಗಲ್ಲ. ಎಲ್ಲಿ ಸಿಕ್ತಮ್ಮಾ ಇದು?"

"ನಮ್ಮ ದೊಡ್ಡವರು ನೋಡಿ ಗೊತ್ತುಮಾಡಿದ್ದು ತಾತ," ಎಂದಳು ಫುಸಾಯೆ ತಲೆತಗ್ಗಿಸಿ. "ನಾನು ಈ ಮನೆಗೆ ಬಂದಾಗಿಂದ ಇದೆ. ಕೆಲಸಕ್ಕೇನೂ ಬರಲ್ಲ. ಆದ್ರೆ ತೆಗೆದು ಎಸೆಯೋಕೂ ಮನಸ್ಸು ಬರಲ್ಲ."

"ಎಸೀಬಾರದು!" ತಾತ ಗಾಬರಿಯಾದರು. "ಮೊದಮೊದಲು ಹಾಗೇ ಅನ್ಸುತ್ತೆ ತಾಯಿ. ಇರೋ ಜಾಗದಲ್ಲಿ ಸುಮ್ನೆ ಬಿಟ್ಟು ನೋಡು. ವರ್ಷ ಹೋದ ಹಾಗೆ ಅದರ ಬೆಲೆ ತಿಳಿಯುತ್ತೆ."

"ಅದಕ್ಕೇ ಕಾಯ್ತಾ ಇದೀನಿ," ಎಂದಳು ಆ ಪತಿವ್ರತೆ.

ಅಷ್ಟರಲ್ಲಿ ಕರಿ ಬೆಕ್ಕು ಬಂತು. ಬೇಲಿಯಿಂದ ಇಳಿದು, ಸಾಗರದ ಮೇಲೆ ಗತ್ತಿನಿಂದ ನಡೆದು ಬಂದು, ನನ್ನ ಮೈ ಮೂಸಿ, ಒಂದೇ ನೆಗೆತಕ್ಕೆ ಬೆನ್ನೇರಿ ಮುದುರಿ ಮಲಗಿತು. ಬೆಚ್ಚಗಿತ್ತೆಂದು ಕಾಣುತ್ತದೆ. ಉಗುರುಗಳನ್ನು ಮೆಲ್ಲಗೆ ನನ್ನ ಭುಜದೊಳಗೆ ಇಳಿಸಿ, ತೆಗೆದು, ಮತ್ತೆ ಇಳಿಸಿ ಸುಖಿಸತೊಡಗಿತು. ನಾನು ಹಲ್ಲು ಕಚ್ಚಿದೆ. ಚಿಗುಸಾಳ ಬಾಳು, ಚಿಗುಸಾಳ ಬಾಳು ಎಂದು ಮನಸ್ಸಿನಲ್ಲೇ ಜಪಿಸಿದೆ.

"ಏನದು ಕಪ್ಪಗೆ?" ಎಂದರು ತಾತ.

"ನೆರಳು ಮಾವ," ಎಂದರು ಯಾಸುಯೊ. ಎಂಥ ಬೀಗಿತ್ತಿ! ಅಂಥವರು ಬಸ್ಸಿನಲ್ಲಿ ಕಂಡಕ್ಟರಾಗಿದ್ದರೆ ಟಿಕೆಟ್ ಇಲ್ಲದವನೂ ತಾನೇ ಒಪ್ಪಿಕೊಂಡು ಇಳಿಯುತ್ತಿದ್ದ.

ತಾತ ತೃಪ್ತಿಯಿಂದ ತಲೆದೂಗಿದರು. ಚೆಸ್ಟ್‌ನಟ್ ಸಿಹಿ ತಿಂದರು. ಇನ್ನೇನು ಏಳುತ್ತಾರೆ ಎಂದುಕೊಳ್ಳುವಾಗ ಊರುಗೋಲು ಕುಟ್ಟಿದರು.

"ಒಂದೇ ಕೊರತೆ. ಕಲ್ಲಿನ ನಿಜವಾದ ಬಣ್ಣ ಕಾಣೋದು ನೆಂದಾಗ. ಅತಿಥಿ ಬರೋ ಮುಂಚೆ ಕಲ್ಲಿಗೆ ನೀರು ಹಾಕಿಡಬೇಕಮ್ಮಾ, ಅದು ಮರ್ಯಾದೆ. ನೀನು ಮರೆತಿದ್ದೀಯಾ."

ಫುಸಾಯೆ ಒಂದು ಗಳಿಗೆ ಅನುಮಾನಿಸಿದಳು. ಒಂದೇ ಗಳಿಗೆ. ನಮ್ಮ ದಾಂಪತ್ಯದ ಬಗ್ಗೆ ನನಗಿದ್ದ ನಂಬಿಕೆಯೆಲ್ಲ ಆ ಗಳಿಗೆಯಲ್ಲಿ ನೇತಾಡುತ್ತಿತ್ತು. ಆಮೇಲೆ, "ಕ್ಷಮಿಸಿ ತಾತ, ಈಗ್ಲೇ ಹಾಕ್ತೀನಿ," ಎಂದು ಎದ್ದು ಹೋದಳು. ಮರದ ಸೌಟು ತರುತ್ತಾಳೆ, ನಾಲ್ಕು ಹನಿ ಚಿಮುಕಿಸುತ್ತಾಳೆ ಎಂದುಕೊಂಡೆ. ತಂದದ್ದು ಬಕೆಟ್! ಪೀಪಾಯಿಯ ಮೇಲಿಂದ ಮಗುಚಿ ಅವಳ ಮೂಲಂಗಿಯನ್ನು ತೇಲಿಸಿದ್ದ ಅದೇ ಬಕೆಟ್. ಅಜೇಲಿಯಾ ಮೊಗ್ಗು, ಕಾಡು ಪಾಚಿ, ಅಜ್ಜಿಯ ಕಲ್ಲು ಎಲ್ಲವೂ ಆ ತೋಳಿನಲ್ಲಿ ಒಟ್ಟಾಗಿ ಸೇರಿದವೆಂದು ಕಾಣುತ್ತದೆ. ಜಗಲಿಯ ಅಂಚಿನಿಂದ ಅವಳು ಬೀಸಿ ಎರಚಿದ ನೀರು ಕಮಾನಿನಂತೆ ಹಾರಿ ಬಂದು ನನ್ನ ನೆತ್ತಿಯ ಮೇಲೇ ಇಳಿಯಿತು. ಬೆಕ್ಕು ಊಳಿಡುತ್ತ ನೊಗಾಮಿಯವರ ಕಡೆಗೆ ಹಾರಿತು. ನಾನು ಅಲ್ಲಾಡಲಿಲ್ಲ.

"ಆಹಾ!" ಎಂದರು ತಾತ. "ಈಗ ನೋಡಿ. ಕೆಂಪು ಬಂತು."

ಕೆಂಪು ಬರದೇ ಇದ್ದೀತೇ? ನವೆಂಬರ್ ತಿಂಗಳ ನೀರು. ಮೂಗಿನೊಳಗೆ ಏನೋ ಹರಿದಾಡಿತು. ತಡೆದೆ. ಉಸಿರು ಕಟ್ಟಿದೆ. ತೋಳು ಕಚ್ಚಿದೆ. ಆಗಲಿಲ್ಲ.

"ಆಕ್ಷೀ!"

"ಯಾರದು ಸೀನಿದ್ದು?" ಎಂದರು ತಾತ.

"ನಾನು ಮಾವ," ಎಂದರು ಯಾಸುಯೊ. "ನಾನು ತಾತ," ಎಂದ ಕೊಹೆಯಿ. "ನಾನು," ಎಂದಳು ಚಿಗುಸಾ. ಮೂವರೂ ಒಟ್ಟಿಗೇ ಹೇಳಿದ್ದರು.

ಒಂದು ಸೀನು ಬಂದರೆ ಯಾರೋ ನಮ್ಮನ್ನು ಹೊಗಳುತ್ತಿದ್ದಾರೆ ಎಂದು ನಮ್ಮಲ್ಲಿ ಮಾತಿದೆ. ಸತ್ಯವೇ ಇರಬೇಕು. ತಾತ ಎದ್ದುನಿಂತು, ಬಟ್ಟೆ ಸರಿಮಾಡಿಕೊಂಡು, ಎಲ್ಲರಿಗೂ ಕೇಳುವಂತೆ, "ಈ ಸಂಬಂಧ ನನಗೆ ಒಪ್ಪಿಗೆ. ಇಂಥ ಕಲ್ಲಿನ ಎದುರು ಬೆಳೆದ ಹುಡುಗಿ ಚಂಚಲೆ ಆಗಿರೋಕೆ ಸಾಧ್ಯವೇ ಇಲ್ಲ," ಎಂದರು. ಚಿಗುಸಾ ಬಿಕ್ಕಿ ಬಿಕ್ಕಿ ಅಳತೊಡಗಿದಳು. ಅಳುವೋ ನಗುವೋ ದ್ವೀಪದಿಂದ ಗೊತ್ತಾಗಲಿಲ್ಲ. ಹೊರಡುವಾಗ ಯಾಸುಯೊ ಒಂದು ಕ್ಷಣ ಹಿಂದೆ ಉಳಿದು, ನನ್ನ ಕಡೆ ತಿರುಗಿ, ನೆಲ ಮುಟ್ಟುವಂತೆ ಬಾಗಿ ವಂದಿಸಿದರು. ಕಲ್ಲಾದ ನಾನು ಪ್ರತಿವಂದಿಸಲಾಗದೆ ಒಳಗೊಳಗೇ ಕರಗಿದೆ.

ಗೇಟು ಮುಚ್ಚಿದ ಸದ್ದಾದ ಮೇಲೆ ಏಳಲು ಹೋದೆ. ಕಾಲುಗಳು ನನ್ನವಾಗಿರಲಿಲ್ಲ. ಕತ್ತರಿಸಿದ ಮರದ ಹಾಗೆ ಮುಗ್ಗರಿಸಿ ಮಹಾಸಾಗರಕ್ಕೆ ಬಿದ್ದು, ನೇರ ಗೆರೆ, ಬಳ್ಳಿ ಗೆರೆ, ಬಳೆ ಗೆರೆಗಳನ್ನೆಲ್ಲ ಅಳಿಸುತ್ತ ಜಗಲಿಯವರೆಗೆ ತೆವಳಿದೆ. ಫುಸಾಯೆ ದಪ್ಪ ಟವೆಲ್ ತಂದು ನನ್ನ ತಲೆ ಒರೆಸಿದಳು. ಬಹಳ ಹೊತ್ತು ಒರೆಸಿದಳು. ಒರೆಸುವುದಕ್ಕೆ ಅಲ್ಲಿ ಅಷ್ಟೇನೂ ಇರಲಿಲ್ಲ.

"ಚಳಿ ಆಯ್ತಾ?" ಎಂದಳು.

"ಬಕೆಟ್ ಯಾಕೆ ತಂದೆ?"

"ಸೌಟಿನ ನೀರು ಅಷ್ಟು ದೂರ ಬರಲ್ವಲ್ಲ." ಟವೆಲ್ ಹಿಂಡಿಕೊಂಡು, "ನಿಮ್ಮನ್ನ ಯಾರಾದ್ರೂ ಇಷ್ಟು ಹೊಗಳಿದ್ದು ನಾನು ಇವತ್ತೇ ಕೇಳಿದ್ದು ರೀ," ಎಂದಳು. ದನಿ ಸ್ವಲ್ಪ ಒದ್ದೆಯಾಗಿತ್ತು. ನಾನು ಬಿಸಿ ಸಾರು ಕುಡಿಯುತ್ತ ಕಣ್ಣೀರಿನ ತಪ್ಪನ್ನು ಬಟ್ಟಲಿನ ಹಬೆಯ ಮೇಲೆ ಹಾಕಿದೆ.

ವಸಂತದಲ್ಲಿ ಮದುವೆಯಾಯಿತು. ಅಂದು ನಾನು ಬಾಡಿಗೆಯ ಕರಿ ಪೋಷಾಕು ತೊಟ್ಟು, ಇದ್ದಷ್ಟು ಕೂದಲನ್ನು ಬಾಚಿ, ಸುಮಾರಾಗಿ ಮಂತ್ರಿಯಂತೆಯೇ ಕಾಣುತ್ತಿದ್ದೆ. ಊಟದ ಸಾಲಿನಲ್ಲಿ ಯಾಸುಯೊ ತಾತನನ್ನು ನನ್ನ ಬಳಿಗೆ ಕರೆತಂದು, "ಮಾವ, ಇವರೇ ಹುಡುಗಿ ತಂದೆ, ಕುರಾಮೊಚಿ ಅವರು," ಎಂದರು. ಅವರ ತುಟಿಯ ಕೊನೆ ಅದುರುತ್ತಿತ್ತು.

ತಾತ ನನ್ನ ಮುಖಕ್ಕೆ ಮುಖ ತಂದು ಬಹಳ ಹೊತ್ತು ನೋಡಿದರು. ನಾನು ಉದ್ಯಾನ ಕಲೆಯ ಬಗ್ಗೆ, ಬಯಲಿನ ಬಗ್ಗೆ, ಕಡ ತಂದ ನೋಟದ ಬಗ್ಗೆ ನನಗೆ ತಿಳಿದ ಎಲ್ಲವನ್ನೂ ಒಂದೇ ಉಸಿರಿನಲ್ಲಿ ಹೇಳಿದೆ. ಇಷ್ಟು ದಿನ ಅದುಮಿಟ್ಟ ಮಾತು. ತಾತ ಸಹನೆಯಿಂದ ಕೇಳಿದರು. ಆಮೇಲೆ ಸೊಸೆಯ ಕಿವಿಗೆ ಬಾಗಿ (ವಯಸ್ಸಾದವರ ಪಿಸುಮಾತು ಇಡೀ ಸಭಾಂಗಣಕ್ಕೆ ಸೇರಿದ್ದು), "ಆಳು ಪರವಾಗಿಲ್ಲ. ಆದ್ರೆ ಆ ಕಲ್ಲಿಗಿರೋ ಕಳೆ ಇವನಿಗಿಲ್ಲ," ಎಂದರು.

ಸಭೆಯೆಲ್ಲ ಸೂಪಿನ ಬಟ್ಟಲಿಗೆ ಮುಖ ಹಾಕಿತು. ನಾನು ಫುಸಾಯೆಯ ಕಡೆ ನೋಡಿದೆ. ಈಗಲಾದರೂ ಗಂಡನ ಪರ ಒಂದು ಮಾತು ಆಡುತ್ತಾಳೆ ಎಂದು.

ಅವಳು ತಾತನಿಗೆ ವಿನಯದಿಂದ ಬಾಗಿ, "ಕಲ್ಲು ಮಾತಾಡಲ್ವಲ್ಲ ತಾತ," ಎಂದಳು.

ನನಗೆ ರೇಗಿತು. ತಕ್ಕ ಉತ್ತರ ನಾಲಿಗೆಯ ತುದಿಯಲ್ಲಿತ್ತು. ಬಾಯಿ ತೆರೆದೆ. ಎದುರು ಸಾಲಿನಲ್ಲಿ ಮದುಮಗಳ ಉಡುಪಿನಲ್ಲಿದ್ದ ಚಿಗುಸಾ ಕೈ ಜೋಡಿಸಿ, ಕಣ್ಣಿನಲ್ಲೇ ಬೇಡ ಬೇಡ ಎನ್ನುತ್ತಿದ್ದಳು. ಬಾಯಿ ಮುಚ್ಚಿದೆ. ಕುತ್ತಿಗೆ ಒಳಗೆಳೆದುಕೊಂಡು, ತಲೆ ತಗ್ಗಿಸಿ, ಅಲ್ಲಾಡದೆ ಕೂತೆ.

ತಾತ ಮತ್ತೆ ಕಣ್ಣು ಕಿರಿದು ಮಾಡಿ ನನ್ನನ್ನು ನೋಡಿದರು. ಅವರ ಮುಖ ಮೆಲ್ಲಗೆ ಅರಳಿತು.

"ನೋಡಮ್ಮಾ," ಎಂದರು ಫುಸಾಯೆಗೆ, "ಈಗ ಸ್ವಲ್ಪ ಹೋಲ್ತಾನೆ."